ಬೀಜದ ರಿಪೋರ್ಟ್‌ನಲ್ಲಿ ಬರುವ ‘ಈವೆಂಟ್’ ಅಂದರೇನು? ಓದುವುದು, ಪರೀಕ್ಷಿಸುವುದು, ಬಳಸುವುದು ಹೇಗೆ

ರಾಣೆಬೆನ್ನೂರು ಕಡೆಯ ನಮ್ಮ ಕಾಕಾ ಒಂದು ದಿನ ವಾಟ್ಸಾಪ್‌ನಲ್ಲಿ ಫೋಟೊ ಕಳಿಸಿದರು. ಅವರು ಕಂಪನಿಗೆ ಹತ್ತಿ ಸೀಡ್ಸ್ ಮಾಡಿಕೊಡುವವರು. ಫೋಟೊದಲ್ಲಿದ್ದದ್ದು ಅವರ ಲಾಟಿನ ಲ್ಯಾಬ್ ರಿಪೋರ್ಟ್. 30 ಬೀಜ ಬಿಡಿಬಿಡಿಯಾಗಿ ನೋಡಿದ್ದರು. ಕ್ರೈ 1ಎಸಿ ಜೀನ್: ಮೂವತ್ತಕ್ಕೆ ಮೂವತ್ತೂ ಪಾಸಿಟಿವ್. ಈವೆಂಟ್ ಮಾನ್ 531: ಮೂವತ್ತೂ ಪಾಸಿಟಿವ್. ಈವೆಂಟ್ ಮಾನ್ 15985: ಒಂದೂ ಇಲ್ಲ. ಕೆಳಗೆ ಕೆಂಪು ಅಕ್ಷರದಲ್ಲಿ ‘ಫೇಲ್’.

ಹಿಂದೆಯೇ ಫೋನು ಬಂತು. “ಯವ್ವಾ, ಜೀನ್ ಐತಿ ಅಂತಾರ, ಈವೆಂಟ್ ಇಲ್ಲ ಅಂತಾರ. ಈವೆಂಟ್ ಅಂದ್ರ ಹುಬ್ಬಳ್ಳ್ಯಾಗ ಮದುವಿ ಪೆಂಡಾಲ್ ಹಾಕಾವ್ರು ಬೋರ್ಡ್ ಹಚ್ಚಿರ್ತಾರಲ್ಲ, ಅದ ಏನು?”

ನಗು ಬಂತು, ಆದರೆ ಪ್ರಶ್ನೆ ಸರಿಯಾಗಿಯೇ ಇತ್ತು. ಕಂಪನಿ ಪರವಾಗಿ ಸೀಡ್ಸ್ ಮಾಡಿಸುವ ಆರ್ಗನೈಸರ್ ಮಾತ್ರ “ನಿಮ್ಮ ಹೆಣ್ಮಕ್ಕಳು ಕ್ರಾಸಿಂಗ್ ಸರಿ ಮಾಡಿಲ್ಲ” ಅಂತ ಹೇಳಿ ಹೋಗಿದ್ದರಂತೆ. ಕ್ರಾಸಿಂಗ್ ಅಂದರೆ ಹೆಣ್ಣು ಸಾಲಿನ ಹೂವಿಗೆ ಗಂಡು ಸಾಲಿನ ಪರಾಗ ಮುಟ್ಟಿಸುವುದು. ಆ ರಿಪೋರ್ಟ್ ಓದಲು ಬಂದಿದ್ದರೆ ಕಾಕಾನೇ ಅವರಿಗೆ ಉತ್ತರ ಕೊಡಬಹುದಿತ್ತು. ನಾನು ಧಾರವಾಡದಲ್ಲಿ ಬೀಜ ಪರೀಕ್ಷೆಯ ಕೆಲಸ ಮಾಡುವವಳು. ಅವತ್ತು ಫೋನಿನಲ್ಲಿ ಅರ್ಧಂಬರ್ಧ ಹೇಳಿದ್ದನ್ನು ಇಲ್ಲಿ ಪೂರ್ತಿ ಬರೆದಿದ್ದೇನೆ. ಬಿಎಸ್ಸಿ ಅಗ್ರಿ ಓದುವವರಿಗೆ, ಸೀಡ್ಸ್ ಮಾಡುವವರಿಗೆ, ಕೃಷಿ ಸುದ್ದಿ ಬರೆಯುವವರಿಗೆ ಮೂವರಿಗೂ ಬೇಕಾಗುವ ಪದ ಇದು.

ಮೊದಲು ಐದು ಪದ ಬೇರೆ ಮಾಡಿಕೊಳ್ಳಿ

ಗೊಂದಲ ಹುಟ್ಟುವುದೇ ಇಲ್ಲಿ. ಜೀನ್, ಕನ್‌ಸ್ಟ್ರಕ್ಟ್, ಈವೆಂಟ್, ಹೈಬ್ರಿಡ್, ಬ್ರ್ಯಾಂಡ್. ಅಂಗಡಿಯಲ್ಲಿ ಐದನ್ನೂ ‘ಬಿಟಿ’ ಅನ್ನುವ ಒಂದೇ ಪದದಲ್ಲಿ ಮುಗಿಸುತ್ತಾರೆ.

ಜೀನ್ ಅಂದರೆ ಒಂದು ಪ್ರೋಟೀನ್ ಮಾಡುವ ಸೂಚನೆ. ಕ್ರೈ 1ಎಸಿ ಒಂದು ಜೀನ್, ಕಾಯಿಕೊರಕ ಹುಳ ಕೊಲ್ಲುವ ಪ್ರೋಟೀನಿನದ್ದು. ಅದು ಮಣ್ಣಿನಲ್ಲಿರುವ ಬ್ಯಾಸಿಲಸ್ ತುರಿಂಜಿಯೆನ್ಸಿಸ್ ಅನ್ನುವ ಬ್ಯಾಕ್ಟೀರಿಯಾದ್ದು. ಅದರ ಹೆಸರಿನ ಮೊದಲ ಅಕ್ಷರಗಳೇ ಬಿ, ಟಿ. ಆದರೆ ಬ್ಯಾಕ್ಟೀರಿಯಾದ ಜೀನನ್ನು ಹಾಗೇ ಹತ್ತಿಯೊಳಗೆ ಹಾಕಿದರೆ ಅದು ಕೆಲಸ ಮಾಡುವುದಿಲ್ಲ. ಮುಂದೆ ಒಂದು ಸ್ವಿಚ್ ಬೇಕು, ಅದು ಪ್ರೊಮೋಟರ್. ಹಿಂದೆ ‘ಇಲ್ಲಿಗೆ ಸಾಕು’ ಅನ್ನುವ ಗುರುತು ಬೇಕು, ಅದು ಟರ್ಮಿನೇಟರ್. ಮೂರನ್ನೂ ಜೋಡಿಸಿದ ಕಟ್ಟು ಕನ್‌ಸ್ಟ್ರಕ್ಟ್. ಇದು ಲ್ಯಾಬಿನ ಟ್ಯೂಬಿನಲ್ಲಿ ಇರುವ ವಸ್ತು, ಇನ್ನೂ ಗಿಡಕ್ಕೆ ಹೋಗಿಲ್ಲ.

ಆ ಕಟ್ಟು ಒಂದು ಗಿಡದ ಒಂದು ಜೀವಕೋಶದೊಳಗೆ ಹೋಗಿ, ಅದರ ಡಿಎನ್‌ಎದ ಒಂದು ನಿರ್ದಿಷ್ಟ ಜಾಗದಲ್ಲಿ ಸೇರಿಕೊಂಡಿತು ಅನ್ನಿ. ಆ ಒಂದು ಸೇರ್ಪಡೆಯೇ ಈವೆಂಟ್. ಅದೇ ಕಟ್ಟು ಪಕ್ಕದ ಜೀವಕೋಶದಲ್ಲಿ ಬೇರೆ ಜಾಗದಲ್ಲಿ ಸೇರಿದರೆ ಅದು ಬೇರೆ ಈವೆಂಟ್. ಜೀನ್ ಒಂದೇ, ಕಟ್ಟು ಒಂದೇ, ಜಾಗ ಬೇರೆ. ಹಾಗಾಗಿ ಈವೆಂಟ್ ಬೇರೆ.

ಈವೆಂಟ್ ಹೊತ್ತ ಗಿಡವನ್ನು ಬೇರೆ ಬೇರೆ ತಳಿಗಳಿಗೆ ಕೂಡಿಸಿದಾಗ ಹೈಬ್ರಿಡ್‌ಗಳು ಬರುತ್ತವೆ. ಅದಕ್ಕೆ ಮಾರಾಟಕ್ಕಾಗಿ ಅಂಟಿಸುವ ಹೆಸರು ಬ್ರ್ಯಾಂಡ್. ಬೋಲ್‌ಗಾರ್ಡ್ ಅನ್ನುವುದು ಬ್ರ್ಯಾಂಡ್. ಬೋಲ್‌ಗಾರ್ಡ್ ಒಂದರ ಈವೆಂಟ್ ಮಾನ್ 531, ಬೋಲ್‌ಗಾರ್ಡ್ ಎರಡರದ್ದು ಮಾನ್ 15985.

ನಮ್ಮ ದೇಶದ ಹತ್ತಿಯ ಇತಿಹಾಸವನ್ನೇ ನೋಡಿದರೆ ವ್ಯತ್ಯಾಸ ಕಣ್ಣಿಗೆ ಕಾಣುತ್ತದೆ. 2002ರ ಮಾರ್ಚ್‌ನಲ್ಲಿ ಜಿಇಎಸಿ, ಅಂದರೆ ಇಂಥ ಬೆಳೆಗಳಿಗೆ ಅನುಮತಿ ಕೊಡುವ ಕೇಂದ್ರ ಸರ್ಕಾರದ ಸಮಿತಿ, ಮೊದಲ ಬಾರಿ ಬಿಟಿ ಹತ್ತಿಗೆ ಅನುಮತಿ ಕೊಟ್ಟಾಗ ಹೈಬ್ರಿಡ್‌ಗಳು ಮೂರು: ಮೆಕ್ 12, ಮೆಕ್ 162, ಮೆಕ್ 184. ಈವೆಂಟ್ ಮಾತ್ರ ಒಂದೇ, ಮಾನ್ 531. ಮುಂದೆ ಅದೇ ಈವೆಂಟ್ ನೂರಾರು ಹೈಬ್ರಿಡ್‌ಗಳಿಗೆ ಹೋಯಿತು. 2006ರಲ್ಲಿ ಬೇರೊಂದು ಕಂಪನಿಯ ಹತ್ತಿಗೂ ಅನುಮತಿ ಸಿಕ್ಕಿತು. ಅದರಲ್ಲೂ ಕ್ರೈ 1ಎಸಿ ಜೀನೇ ಇತ್ತು, ಆದರೆ ಈವೆಂಟ್ ಬೇರೆ. ಅದರ ಹೆಸರೇ ‘ಈವೆಂಟ್ 1’. ಕ್ಲಾಸಿನಲ್ಲಿ ಹುಡುಗರ ತಲೆ ಕೆಡಿಸಲು ಇದಕ್ಕಿಂತ ಒಳ್ಳೆ ಹೆಸರು ಸಿಗಲಿಕ್ಕಿಲ್ಲ.

ಈವೆಂಟ್ ಹುಟ್ಟುವುದನ್ನು ಒಮ್ಮೆ ಕಣ್ಣ ಮುಂದೆ ತಂದುಕೊಳ್ಳಿ

ನಾನು ಇದನ್ನು ಓಲೆಗರಿಯ ಉದಾಹರಣೆ ಕೊಟ್ಟು ಹೇಳುತ್ತೇನೆ. ನಮ್ಮ ಗದಗ ಸೀಮೆಯಲ್ಲಿ ಕಾವ್ಯ ಓದಿಸುವುದು, ಪ್ರತಿ ಮಾಡಿಸುವುದು ಹೊಸದೇನಲ್ಲ. ಹಳೆ ಕಾಲದಲ್ಲಿ ಯಾರೋ ಒಬ್ಬ ಲಿಪಿಕಾರ ಒಂದು ದೊಡ್ಡ ಕಾವ್ಯ ಪ್ರತಿ ಮಾಡುತ್ತ ಕೂತಿದ್ದಾನೆ. ನಡುವೆ ಎಲ್ಲೋ ತನಗೆ ಇಷ್ಟವಾದ ಒಂದು ಪದ್ಯ ಸೇರಿಸಿಬಿಟ್ಟ. ಪ್ರಕ್ಷಿಪ್ತ ಅನ್ನುತ್ತಾರಲ್ಲ, ಅದು. ಆ ಓಲೆಯನ್ನು ನೋಡಿ ಮುಂದೆ ಮಾಡಿದ ಪ್ರತಿಗಳಲ್ಲೆಲ್ಲ ಆ ಪದ್ಯ ಅದೇ ಜಾಗದಲ್ಲಿ ಬರುತ್ತ ಹೋಯಿತು. ಇನ್ನೊಂದು ಊರಿನ ಲಿಪಿಕಾರ ಅದೇ ಪದ್ಯವನ್ನು ಬೇರೆ ಸಂಧಿಯಲ್ಲಿ ಸೇರಿಸಿದ. ಅವನ ಪ್ರತಿಗಳ ಸಂತಾನವೇ ಬೇರೆ. ಈಗ ನಿಮ್ಮ ಕೈಗೆ ಒಂದು ಪ್ರತಿ ಸಿಕ್ಕಿತು. ಪದ್ಯ ಇದೆಯಾ ಅಂತ ಅಷ್ಟೇ ನೋಡಿದರೆ ಯಾವ ಮನೆತನದ ಪ್ರತಿ ಅಂತ ಗೊತ್ತಾಗುವುದಿಲ್ಲ. ಆ ಪದ್ಯದ ಹಿಂದಿನ ಸಾಲು ಯಾವುದು ಅಂತ ನೋಡಿದರೆ ಗೊತ್ತಾಗುತ್ತದೆ.

ಪದ್ಯ ಅಂದರೆ ಜೀನ್. ಪದ್ಯ ಅಲ್ಲಿ ಸೇರಿದ ಆ ಒಂದು ಸಲದ ಕೆಲಸ ಈವೆಂಟ್. ಹಿಂದಿನ ಸಾಲಿನ ಕೊನೆ, ಪದ್ಯದ ಶುರು ಕೂಡುವ ಜಾಗಕ್ಕೆ ಜಂಕ್ಷನ್ ಅಂತ ಹೆಸರು. ಹುಬ್ಬಳ್ಳಿಯವರಿಗೆ ಜಂಕ್ಷನ್ ಅಂದರೆ ರೈಲು ನೆನಪಾಗುತ್ತದೆ. ಇಲ್ಲೂ ಎರಡು ದಾರಿ ಕೂಡುವ ಜಾಗವೇ. ಒಂದು ಕಡೆ ಹತ್ತಿಯ ಸ್ವಂತ ಡಿಎನ್‌ಎ, ಇನ್ನೊಂದು ಕಡೆ ಹೊರಗಿನಿಂದ ಬಂದದ್ದು.

ಮಾನ್ 531 ಹುಟ್ಟಿದ್ದು ಕೋಕರ್ 312 ಅನ್ನುವ ಅಮೆರಿಕದ ಹಳೆ ಹತ್ತಿ ತಳಿಯಲ್ಲಿ. ಆ ತಳಿಯನ್ನೇ ಯಾಕೆ ತೆಗೆದುಕೊಂಡರು ಅಂದರೆ, ಅದರ ತುಂಡಿನಿಂದ ಟಿಶ್ಯೂ ಕಲ್ಚರ್‌ನಲ್ಲಿ ಪೂರ್ತಿ ಗಿಡ ಎಬ್ಬಿಸುವುದು ಸುಲಭ. ಹತ್ತಿಯ ಹೆಚ್ಚಿನ ತಳಿಗಳು ಇದಕ್ಕೆ ಒಗ್ಗುವುದಿಲ್ಲ. ಕಟ್ಟನ್ನು ಒಳಗೆ ಸಾಗಿಸಿದ್ದು ಅಗ್ರೊಬ್ಯಾಕ್ಟೀರಿಯಂ. ಈ ಬ್ಯಾಕ್ಟೀರಿಯಾಕ್ಕೆ ತನ್ನ ಡಿಎನ್‌ಎದ ಒಂದು ತುಂಡನ್ನು ಗಿಡದೊಳಗೆ ಸೇರಿಸುವ ಅಭ್ಯಾಸ ಹುಟ್ಟಿನಿಂದಲೇ ಇದೆ. ವಿಜ್ಞಾನಿಗಳು ಆ ತುಂಡಿನ ಜಾಗದಲ್ಲಿ ತಮಗೆ ಬೇಕಾದ ಕಟ್ಟು ಇಡುತ್ತಾರೆ. ಆದರೆ ಅದು ಎಲ್ಲಿ ಹೋಗಿ ಕೂರುತ್ತದೆ ಅನ್ನುವುದು ಯಾರ ಕೈಯಲ್ಲೂ ಇಲ್ಲ. ಹತ್ತಿಗೆ 52 ಕ್ರೋಮೋಸೋಮ್, ಸುಮಾರು 250 ಕೋಟಿ ಅಕ್ಷರದಷ್ಟು ಡಿಎನ್‌ಎ. ಎಲ್ಲಿ ಬೇಕಾದರೂ ಸೇರಬಹುದು.

ಜಾಗ ಮುಖ್ಯ ಯಾಕೆ? ಮಲ್ಲಿಗೆ ಬಳ್ಳಿ ನೆಟ್ಟವರಿಗೆ ಗೊತ್ತು. ಬಚ್ಚಲ ನೀರು ಹೋಗುವ ಕಡೆ ನೆಟ್ಟರೆ ಒಂದು ಥರ, ಗೋಡೆ ಮರೆಯಲ್ಲಿ ನೆಟ್ಟರೆ ಇನ್ನೊಂದು ಥರ. ಬಳ್ಳಿ ಅದೇ. ಹಾಗೆಯೇ ಒಂದು ಜಾಗದಲ್ಲಿ ಕೂತ ಜೀನ್ ಜೋರಾಗಿ ಪ್ರೋಟೀನ್ ಮಾಡುತ್ತದೆ, ಇನ್ನೊಂದು ಜಾಗದಲ್ಲಿ ಸುಮ್ನೆ ಕೂತುಬಿಡುತ್ತದೆ. ಕೆಲವು ಸಲ ಗಿಡದ್ದೇ ಒಂದು ಒಳ್ಳೆ ಜೀನಿನ ನಡುವೆ ನುಗ್ಗಿ ಅದನ್ನು ಕೆಡಿಸುತ್ತದೆ. ಕೆಲವು ಸಲ ಒಂದರ ಬದಲು ಎರಡು ಮೂರು ಪ್ರತಿ ಸೇರಿರುತ್ತವೆ. ಅದಕ್ಕೇ ತುಂಬಾ ಈವೆಂಟ್ ಮಾಡಿ, ಬೆಳೆಸಿ, ಅಳೆದು, ಕೊನೆಗೆ ಒಂದೇ ಒಂದನ್ನು ಉಳಿಸಿಕೊಳ್ಳುತ್ತಾರೆ. ಸುರಕ್ಷತೆಯ ಪರೀಕ್ಷೆಗಳು ನಡೆಯುವುದು ಆ ಒಂದರ ಮೇಲೆ. ಸರ್ಕಾರದ ಅನುಮತಿಯೂ ಆ ಒಂದಕ್ಕೇ. ‘ಕ್ರೈ 1ಎಸಿಗೆ ಅನುಮತಿ ಇದೆ, ಹಾಗಾಗಿ ನಾನೂ ನನ್ನ ಹತ್ತಿಗೆ ಹಾಕಿ ಮಾರುತ್ತೇನೆ’ ಅನ್ನಲು ಬರುವುದಿಲ್ಲ.

ಕೋಕರ್ 312 ನಮ್ಮ ಎರೆಹೊಲದಲ್ಲಿ ಬೆಳೆಯುವ ತಳಿಯಲ್ಲ. ಹಾಗಾದರೆ ಈವೆಂಟ್ ನಮ್ಮ ತಳಿಗಳಿಗೆ ಬಂದದ್ದು ಹೇಗೆ? ಮಾಮೂಲಿ ಕೂಡಿಸುವಿಕೆಯಿಂದ. ಕೋಕರ್ ಗಿಡವನ್ನು ನಮ್ಮ ತಳಿಗೆ ಕೂಡಿಸಿ, ಬಂದ ಮರಿಯನ್ನು ಮತ್ತೆ ನಮ್ಮ ತಳಿಗೇ ಕೂಡಿಸುತ್ತ ಹೋಗುವುದು. ಇದಕ್ಕೆ ಬ್ಯಾಕ್‌ಕ್ರಾಸ್ ಅನ್ನುತ್ತಾರೆ. ಲೆಕ್ಕದ ಪ್ರಕಾರ ಆರು ಬ್ಯಾಕ್‌ಕ್ರಾಸ್ ಮುಗಿಯುವಾಗ ಶೇ. 99.2ರಷ್ಟು ನಮ್ಮ ತಳಿಯೇ ಆಗಿರುತ್ತದೆ. ಗಿಡದ ಎತ್ತರ ಬದಲಾಯಿತು, ಎಲೆ ಬದಲಾಯಿತು, ಎಳೆಯ ಉದ್ದ ಬದಲಾಯಿತು. ಈವೆಂಟ್ ಮಾತ್ರ ಕೂತ ಜಾಗದಲ್ಲೇ ಕೂತಿದೆ. ಎಷ್ಟು ತಲೆಮಾರು ದಾಟಿದರೂ ಅದರ ಅಕ್ಕಪಕ್ಕದ ಸಾಲು ಅವೇ.

ಹೆಸರು ಓದುವುದು

ಈವೆಂಟ್‌ಗೆ ಕಂಪನಿ ಇಟ್ಟ ಹೆಸರು ಒಂದು, ಅಂತಾರಾಷ್ಟ್ರೀಯ ಸಂಕೇತ ಇನ್ನೊಂದು. ಈ ಸಂಕೇತ ಒಇಸಿಡಿ ಅನ್ನುವ ದೇಶಗಳ ಒಕ್ಕೂಟದ ಪದ್ಧತಿಯದ್ದು, 9 ಅಕ್ಷರ ಅಥವಾ ಅಂಕಿ ಇರುತ್ತದೆ. ಮೊದಲು ಕಂಪನಿಯ ಗುರುತು, ನಡುವೆ ಈವೆಂಟ್‌ನ ಗುರುತು, ಕೊನೆಗೆ ತಾಳೆ ನೋಡುವ ಒಂದು ಅಂಕಿ. ಮಾನ್ 531ರ ಸಂಕೇತ: ಎಂ-ಒ-ಎನ್, ಆಮೇಲೆ 00531, ಆಮೇಲೆ 6. ರಿಪೋರ್ಟ್‌ನಲ್ಲಿ ಸೊನ್ನೆಗೆ ಅಡ್ಡಗೆರೆ ಹಾಕಿರುತ್ತಾರೆ, ಇಂಗ್ಲಿಷಿನ ‘ಒ’ ಅಂತ ಓದಬಾರದು ಅಂತ.

ಆ ಕೊನೆಯ ಅಂಕಿಯನ್ನು ನೀವೇ ತಾಳೆ ನೋಡಬಹುದು. ಇಂಗ್ಲಿಷ್ ವರ್ಣಮಾಲೆಯಲ್ಲಿ ಎಂ 13ನೆಯದು, ಒ 15, ಎನ್ 14. ಕೂಡಿಸಿದರೆ 42. ಇನ್ನು 0, 0, 5, 3, 1 ಕೂಡಿಸಿದರೆ 9. ಎರಡೂ ಸೇರಿ 51. ಐದು ಮತ್ತು ಒಂದು ಆರು. ಕೊನೆಯ ಅಂಕಿ 6, ಸರಿಯಾಯಿತು. ಮಾನ್ 15985ಕ್ಕೆ ನೋಡಿ: 42ಕ್ಕೆ 1, 5, 9, 8, 5 ಸೇರಿದರೆ 70. ಏಳು ಮತ್ತು ಸೊನ್ನೆ ಏಳು. ಅದರ ಸಂಕೇತ ಮುಗಿಯುವುದು 7ರಿಂದಲೇ. ಟೈಪ್ ಮಾಡುವಾಗ ಅಂಕಿ ತಪ್ಪಿದ ರಿಪೋರ್ಟನ್ನು ಒಮ್ಮೆ ನಾನು ಹೀಗೇ ಹಿಡಿದೆ. ಪೆನ್ಸಿಲ್ ಸಾಕು.

ಒಂದು ದೊಡ್ಡ ಗುಂಡಿ ಇಲ್ಲಿದೆ, ಕಾಕಾನ ರಿಪೋರ್ಟಿಗೂ ಇದು ಬೇಕಾಗುತ್ತದೆ. ಮಾನ್ 15985 ಅನ್ನು ಹೊಸದಾಗಿ ಶುರುವಿನಿಂದ ಮಾಡಿದ್ದಲ್ಲ. ಮಾನ್ 531 ಮೊದಲೇ ಇದ್ದ ಹತ್ತಿಗೆ ಕ್ರೈ 2ಎಬಿ ಅನ್ನುವ ಎರಡನೇ ಜೀನನ್ನು ಹೊಡೆದು ಸೇರಿಸಿದ್ದು. ಹೊಡೆದು ಅಂದರೆ ನಿಜವಾಗಿಯೂ ಹೊಡೆದು: ಡಿಎನ್‌ಎ ಸವರಿದ ಸಣ್ಣ ಲೋಹದ ಕಣಗಳನ್ನು ಜೀವಕೋಶದೊಳಗೆ ಹಾರಿಸುತ್ತಾರೆ. ಹಾಗಾಗಿ ಬೋಲ್‌ಗಾರ್ಡ್ ಎರಡರ, ಅಂದರೆ ಬಿಜಿ-2, ಬೀಜದಲ್ಲಿ ಮಾನ್ 15985 ಜೊತೆ ಮಾನ್ 531 ಕೂಡ ಇರುತ್ತದೆ. ಬಿಜಿ-2 ಬೀಜದಲ್ಲಿ ಮಾನ್ 531 ಪಾಸಿಟಿವ್ ಬಂದರೆ ‘ಹಳೆ ಬೀಜ ಬೆರೆಸಿದ್ದಾರೆ’ ಅಂತ ಗಲಾಟೆ ಮಾಡಬೇಡಿ. ಬರಬೇಕಾದದ್ದೇ ಅದು.

ಎರಡು ಬೇರೆ ಬೇರೆ ಈವೆಂಟ್ ಇರುವ ಗಿಡಗಳನ್ನು ಕೂಡಿಸಿ ಒಂದೇ ಗಿಡದಲ್ಲಿ ತಂದರೆ ಅದಕ್ಕೆ ಸ್ಟ್ಯಾಕ್ ಅನ್ನುತ್ತಾರೆ. ಹೆಸರುಗಳ ನಡುವೆ ಗುಣಾಕಾರದ ಚಿಹ್ನೆ ಹಾಕಿ ಬರೆಯುತ್ತಾರೆ. ಕಳೆನಾಶಕ ತಡೆಯುವ ಹತ್ತಿಯ ಈವೆಂಟ್ ಮಾನ್ 88913 ಅನ್ನು ಮಾನ್ 15985 ಜೊತೆ ಕೂಡಿಸಿದ್ದು ಅಂಥ ಸ್ಟ್ಯಾಕ್. ನಮ್ಮ ದೇಶದಲ್ಲಿ ಬೆಳೆಯಲು ಅದಕ್ಕೆ ಅನುಮತಿ ಇಲ್ಲ. ಬಿಲ್ ಇಲ್ಲದೆ ‘ಕಳೆ ಔಷಧ ಹೊಡೆದರೂ ಸಾಯದ ಹತ್ತಿ’ ಅಂತ ಯಾರಾದರೂ ಪೊಟ್ಟಣ ಕೊಟ್ಟರೆ ಹುಷಾರಾಗಿರಿ.

ಯಾವ ಪರೀಕ್ಷೆ ಏನನ್ನು ನೋಡುತ್ತದೆ

ಸ್ಟ್ರಿಪ್ ಎಲ್ಲರಿಗೂ ಗೊತ್ತು. ಬೀಜ ಅಥವಾ ಎಲೆ ಜಜ್ಜಿ, ದ್ರಾವಣ ಹಾಕಿ, ಪಟ್ಟಿ ಅದ್ದಿದರೆ ಹತ್ತು ನಿಮಿಷದಲ್ಲಿ ಗೆರೆ ಬರುತ್ತದೆ. ಅದು ನೋಡುವುದು ಪ್ರೋಟೀನನ್ನು. ಈವೆಂಟ್ ಬಗ್ಗೆ ಅದಕ್ಕೆ ಏನೂ ಗೊತ್ತಿಲ್ಲ. ಮಾನ್ 531 ಆದರೂ ‘ಈವೆಂಟ್ 1’ ಆದರೂ ಕ್ರೈ 1ಎಸಿ ಗೆರೆ ಒಂದೇ.

ಡಿಎನ್‌ಎಯನ್ನೇ ನೋಡುವುದು ಪಿಸಿಆರ್: ಬೇಕಾದ ತುಂಡನ್ನು ಮತ್ತೆ ಮತ್ತೆ ಪ್ರತಿ ಮಾಡಿ ಕಣ್ಣಿಗೆ ಕಾಣುವಷ್ಟು ಮಾಡುವ ಪರೀಕ್ಷೆ. ಇದರಲ್ಲಿ ನಾಲ್ಕು ಮೆಟ್ಟಿಲು. ಕೆಳಗಿನ ಮೆಟ್ಟಿಲಿನಲ್ಲಿ 35ಎಸ್ ಪ್ರೊಮೋಟರ್‌ನಂಥ, ಎಷ್ಟೋ ಜಿಎಂ ಬೆಳೆಗಳಲ್ಲಿ, ಅಂದರೆ ಹೊರಗಿನ ಜೀನ್ ಸೇರಿಸಿದ ಬೆಳೆಗಳಲ್ಲಿ, ಇರುವ ಭಾಗ ಹುಡುಕುತ್ತಾರೆ. ‘ಜಿಎಂ ಏನೋ ಇದೆ’ ಅಂತ ಗೊತ್ತಾಗುತ್ತದೆ, ಅಷ್ಟೇ. ಎರಡನೆಯದು ಜೀನ್ ಪರೀಕ್ಷೆ. ಮೂರನೆಯದು ಕನ್‌ಸ್ಟ್ರಕ್ಟ್ ಪರೀಕ್ಷೆ, ಅಂದರೆ ಸ್ವಿಚ್ಚು ಮತ್ತು ಜೀನು ಕೂಡುವ ಜಾಗ. ನಾಲ್ಕನೆಯದು ಈವೆಂಟ್ ಪರೀಕ್ಷೆ. ಇದರಲ್ಲಿ ಎರಡು ಪ್ರೈಮರ್ ಪೈಕಿ ಒಂದು ಹತ್ತಿಯ ಸ್ವಂತ ಡಿಎನ್‌ಎ ಮೇಲೆ ಕೂರುತ್ತದೆ, ಇನ್ನೊಂದು ಸೇರಿಸಿದ ತುಂಡಿನ ಮೇಲೆ. ಎರಡೂ ಹತ್ತಿರ ಹತ್ತಿರ ಇದ್ದರೆ ಮಾತ್ರ ನಡುವಿನ ಭಾಗ ಪ್ರತಿಯಾಗುತ್ತದೆ. ಅವು ಹಾಗೆ ಅಕ್ಕಪಕ್ಕ ಇರುವುದು ಆ ಒಂದು ಈವೆಂಟ್‌ನಲ್ಲಿ ಮಾತ್ರ. ಹಿಂದಿನ ಸಾಲು, ಸೇರಿಸಿದ ಪದ್ಯ ಎರಡನ್ನೂ ಒಟ್ಟಿಗೆ ಓದುವುದು ಅಂದೆನಲ್ಲ, ಅದೇ ಇದು.

ಪ್ರೈಮರ್ ಅಂದರೆ ಸುಮಾರು 20 ಅಕ್ಷರದ ಡಿಎನ್‌ಎ ತುಂಡು. ಇಷ್ಟು ಚಿಕ್ಕದು ಹೇಗೆ ಸರಿಯಾದ ಜಾಗ ಹಿಡಿಯುತ್ತದೆ ಅಂತ ಕೇಳುತ್ತಾರೆ. ನಾಲ್ಕು ಅಕ್ಷರದಲ್ಲಿ 20 ಅಕ್ಷರದ ಪದ 1 ಲಕ್ಷ ಕೋಟಿಗಿಂತ ಜಾಸ್ತಿ ಥರ ಬರೆಯಬಹುದು. ಹತ್ತಿಯಲ್ಲಿರುವುದು 250 ಕೋಟಿ ಅಕ್ಷರ. ಆಕಸ್ಮಿಕವಾಗಿ ಬೇರೆ ಕಡೆ ಪೂರ್ತಿ ಹೊಂದುವ ಸಾಧ್ಯತೆ ತೀರಾ ಕಡಿಮೆ. ಎರಡೂ ಪ್ರೈಮರ್ ಅಕ್ಕಪಕ್ಕದಲ್ಲೇ ಹೊಂದುವುದಂತೂ ಇನ್ನೂ ಕಡಿಮೆ.

ಬೆಂಚಿನ ಮೇಲೆ ಮಾಡುವುದು

ಹತ್ತಿಯಿಂದ ಡಿಎನ್‌ಎ ತೆಗೆಯುವುದು ಭತ್ತದಷ್ಟು ಸಲೀಸಲ್ಲ. ಹತ್ತಿ ಎಲೆಯಲ್ಲಿ ಫಿನಾಲ್ ಜಾಸ್ತಿ. ಅರೆಯುತ್ತಿದ್ದ ಹಾಗೇ, ಕೊಯ್ದಿಟ್ಟ ಬದನೆಕಾಯಿ ಕಪ್ಪಾಗುವಂತೆ, ರಸ ಕಂದಾಗುತ್ತದೆ. ಕಂದಾದ ಡಿಎನ್‌ಎಯಲ್ಲಿ ಪಿಸಿಆರ್ ನಡೆಯುವುದಿಲ್ಲ. ಅದಕ್ಕೆ ಎಳೆ ಎಲೆ ತೆಗೆದುಕೊಳ್ಳಿ, ಮೊಳಕೆಯ ಮೊದಲ ಎಲೆ ಆದರೆ ಇನ್ನೂ ಒಳ್ಳೆಯದು. ಡಿಎನ್‌ಎ ತೆಗೆಯಲು ಬಳಸುವ ಸಿಟ್ಯಾಬ್ ದ್ರಾವಣಕ್ಕೆ, ರಸ ಕಂದಾಗದ ಹಾಗೆ, ಪಿವಿಪಿ ಮತ್ತು ಮರ್ಕ್ಯಾಪ್ಟೊಎಥನಾಲ್ ಹಾಕಿರಬೇಕು. ಮರ್ಕ್ಯಾಪ್ಟೊಎಥನಾಲ್ ವಾಸನೆ ಕೊಳೆತ ಮೊಟ್ಟೆಯದ್ದು, ವಿಷ ಕೂಡ. ಹೊಗೆ ಹೊರಗೆ ಎಳೆಯುವ ಹುಡ್ ಒಳಗೇ ಸುರಿಯಿರಿ.

ದ್ರಾವಣವನ್ನು 65 ಡಿಗ್ರಿಗೆ ಮೊದಲೇ ಬಿಸಿ ಮಾಡಿಟ್ಟುಕೊಳ್ಳಿ. ಅರೆದದ್ದನ್ನು ಅದರಲ್ಲಿ ಹಾಕಿ ಮುಕ್ಕಾಲು ಗಂಟೆ ಬಿಡಿ, ನಡುನಡುವೆ ಟ್ಯೂಬ್ ಮೆಲ್ಲಗೆ ಬೋರಲು ಮಾಡಿ. ಆಮೇಲೆ ಕ್ಲೋರೋಫಾರ್ಮ್ ಮತ್ತು ಐಸೊಅಮೈಲ್ ಆಲ್ಕೊಹಾಲ್ 24ಕ್ಕೆ 1ರ ಮಿಶ್ರಣ ಹಾಕಿ ತಿರುಗಿಸಿದರೆ ಮೂರು ಪದರ ಆಗುತ್ತದೆ. ಮೇಲಿನದು ಮಾತ್ರ ಬೇಕು. ಇಲ್ಲಿ ಆಸೆ ಬೇಡ. ನಡುವಿನ ಬಿಳಿ ಪದರದ ತನಕ ಪಿಪೆಟ್ ಇಳಿಸಿದರೆ ಕೆಟ್ಟಿತು. ತೆಗೆದದ್ದಕ್ಕೆ ತಣ್ಣನೆ ಐಸೊಪ್ರೊಪನಾಲ್ ಹಾಕಿ ಟ್ಯೂಬ್ ಓರೆ ಮಾಡಿದಾಗ ಬಿಳಿ ನೂಲಿನಂಥದ್ದು ತೇಲುತ್ತದೆ. ಅದೇ ಡಿಎನ್‌ಎ. ಲೋಳೆ ಲೋಳೆಯಾಗಿದ್ದರೆ ಸಕ್ಕರೆ ಅಂಶ ಉಳಿದಿದೆ ಅಂತ ಅರ್ಥ, ಮತ್ತೊಮ್ಮೆ ತೊಳೆಯಿರಿ.

ಪಿಸಿಆರ್ ಮಷೀನಿನ ಕೆಲಸ ಸುಲಭ. 94 ಡಿಗ್ರಿಯಲ್ಲಿ ಎಳೆ ಬಿಚ್ಚುತ್ತದೆ, 55ರಿಂದ 60ರಲ್ಲಿ ಪ್ರೈಮರ್ ಕೂರುತ್ತದೆ, 72ರಲ್ಲಿ ಪ್ರತಿ ಬೆಳೆಯುತ್ತದೆ. 35 ಸುತ್ತು. ಪ್ರತಿ ಸುತ್ತಿಗೂ ದುಪ್ಪಟ್ಟಾದರೆ ಒಂದು ತುಂಡು 3,400 ಕೋಟಿ ದಾಟುತ್ತದೆ. ನಿಜದಲ್ಲಿ ಅಷ್ಟು ಆಗುವುದಿಲ್ಲ, ಆದರೂ ಡಿಎನ್‌ಎ ತುಂಡುಗಳನ್ನು ಗೆರೆಯಾಗಿ ತೋರಿಸುವ ಜೆಲ್ ಮೇಲೆ ಕಾಣುವಷ್ಟಾಗುತ್ತದೆ.

ಸ್ಯಾಂಪಲ್ ಜೊತೆ ನಾಲ್ಕು ಟ್ಯೂಬ್ ತಪ್ಪದೆ ಓಡಿಸಿ. ಈವೆಂಟ್ ಇದೆ ಅಂತ ಖಾತ್ರಿ ಇರುವ ಡಿಎನ್‌ಎ ಒಂದು. ಬಿಟಿ ಅಲ್ಲದ ಹತ್ತಿ ಒಂದು, ನಾವು ಧಾರವಾಡದ ಹಳೆ ಜಯಧರ್ ತಳಿ ಬಳಸುತ್ತಿದ್ದೆವು. ಬರೀ ನೀರು ಒಂದು. ಪ್ರತಿ ಸ್ಯಾಂಪಲ್‌ಗೂ ಹತ್ತಿಯ ಸ್ವಂತ ಜೀನ್, ಉದಾಹರಣೆಗೆ ಸ್ಯಾಡ್ 1, ಇನ್ನೊಂದು. ಈ ಕೊನೆಯದನ್ನು ಬಿಡುವವರೇ ಜಾಸ್ತಿ. ಈವೆಂಟ್ ನೆಗೆಟಿವ್ ಬಂದಾಗ ‘ಬೀಜದಲ್ಲಿ ನಿಜವಾಗಿ ಇಲ್ಲವಾ, ಅಥವಾ ನನ್ನ ಡಿಎನ್‌ಎಯೇ ಕೆಟ್ಟಿತ್ತಾ’ ಅಂತ ಹೇಳುವುದು ಇದೊಂದೇ. ಸ್ಯಾಡ್ 1 ಬಂದಿಲ್ಲ ಅಂದರೆ ಆ ನೆಗೆಟಿವ್‌ಗೆ ಬೆಲೆ ಇಲ್ಲ.

ಕೆಲಸಕ್ಕೆ ಸೇರಿದ ಹೊಸದರಲ್ಲಿ ನನ್ನ ಜೆಲ್‌ನಲ್ಲಿ ನೀರಿನ ಸಾಲಿನಲ್ಲೂ ಗೆರೆ ಬಂತು. ಎಲ್ಲ ಸ್ಯಾಂಪಲ್ ಪಾಸಿಟಿವ್, ನೀರೂ ಪಾಸಿಟಿವ್! ಪಾಸಿಟಿವ್ ಕಂಟ್ರೋಲ್ ಹಾಕಿದ ಪಿಪೆಟ್‌ನಿಂದಲೇ ನೀರು ಹಾಕಿದ್ದೆ. ಎರಡು ದಿನದ ಕೆಲಸ ತಿಪ್ಪೆಗೆ ಹೋಯಿತು. ಅವತ್ತಿನಿಂದ ನೀರಿನ ಟ್ಯೂಬಿಗೆ ಬೇರೆ ಪಿಪೆಟ್, ಬೇರೆ ಮೂಲೆ.

ಫಲಿತಾಂಶ ಓದುವುದು

ಮೊದಲು ಕೇಳಬೇಕಾದದ್ದು: ಬೀಜ ಬಿಡಿಯಾಗಿ ನೋಡಿದ್ದಾರಾ, ಒಟ್ಟಿಗೆ ಅರೆದು ನೋಡಿದ್ದಾರಾ? ಒಟ್ಟಿಗೆ ಅರೆದದ್ದರಲ್ಲಿ ಪಾಸಿಟಿವ್ ಬಂದರೆ ‘ಕನಿಷ್ಠ ಒಂದು ಬೀಜದಲ್ಲಿ ಇದೆ’ ಅಂತ ಮಾತ್ರ ಅರ್ಥ. ಎಲ್ಲದರಲ್ಲೂ ಇದೆ ಅಂತಲ್ಲ. ಇರಬಾರದ ಈವೆಂಟ್ ಇದೆಯಾ ಅಂತ ಹುಡುಕುವಾಗ ಒಟ್ಟಿಗೆ ಅರೆಯುವುದು ಸರಿ. 300 ಬೀಜ ಅರೆದು ನೆಗೆಟಿವ್ ಬಂದರೆ, ಬೆರಕೆ ಶೇ. 1ಕ್ಕಿಂತ ಕಡಿಮೆ ಅಂತ ಶೇ. 95ರಷ್ಟು ಭರವಸೆಯಿಂದ ಹೇಳಬಹುದು. ಇರಬೇಕಾದ ಈವೆಂಟ್ ಎಷ್ಟು ಬೀಜದಲ್ಲಿದೆ ಅಂತ ನೋಡಲು ಬಿಡಿಯಾಗಿಯೇ ನೋಡಬೇಕು.

ಅಂಗಡಿಯ ಪ್ಯಾಕೆಟ್ ಪರೀಕ್ಷಿಸುವಾಗ ಇನ್ನೊಂದು ನೆನಪಿರಲಿ. ಈಗ 475 ಗ್ರಾಂ ಪ್ಯಾಕೆಟ್‌ನಲ್ಲಿ ಬಿಟಿ ಅಲ್ಲದ ಬೀಜವನ್ನೂ ಬೆರೆಸಿಯೇ ಕೊಡುತ್ತಾರೆ. ಹುಳಕ್ಕೆ ನಿರೋಧ ಬೇಗ ಬರಬಾರದು ಅಂತ. ಅದರಲ್ಲಿ ಒಂದೆರಡು ಬೀಜ ನೆಗೆಟಿವ್ ಬಂದರೆ ಮೋಸ ಅಲ್ಲ.

ಸ್ವಂತ ಬೆಳೆಯ ಬೀಜ ಎತ್ತಿಟ್ಟು ಬಿತ್ತಿದವರ ಕತೆ ಬೇರೆ. ಹೈಬ್ರಿಡ್‌ನಲ್ಲಿ ಅಪ್ಪ ಅಥವಾ ಅವ್ವ ಒಬ್ಬರ ಕಡೆಯಿಂದ ಮಾತ್ರ ಈವೆಂಟ್ ಬಂದಿದ್ದರೆ, ಅದರ ಬೀಜದಲ್ಲಿ ನಾಲ್ಕಕ್ಕೆ ಮೂರರಲ್ಲಿ ಇರುತ್ತದೆ, ಒಂದರಲ್ಲಿ ಇರುವುದಿಲ್ಲ. ರಿಪೋರ್ಟ್‌ನಲ್ಲಿ ಶೇ. 75ರ ಹತ್ತಿರ ಕಂಡರೆ ನಾನು ಮೊದಲು ಕೇಳುವುದೇ ‘ಮನೆ ಬೀಜ ಏನ್ರಿ?’ ಅಂತ.

ಈವೆಂಟ್ ಪಾಸಿಟಿವ್ ಬಂದರೆ ಹುಳ ಸಾಯುತ್ತದೆ ಅಂತಲೂ ಅಲ್ಲ. ಡಿಎನ್‌ಎ ಇದ್ದರೂ ಬೆಳೆಗೆ ವಯಸ್ಸಾದ ಹಾಗೆ ಪ್ರೋಟೀನ್ ಕಡಿಮೆ ಆಗುತ್ತದೆ. ಗುಲಾಬಿ ಕಾಯಿಕೊರಕಕ್ಕಂತೂ ಎರಡೂ ಪ್ರೋಟೀನ್ ತಿಂದು ಅರಗಿಸಿಕೊಳ್ಳುವ ಶಕ್ತಿ ಬಂದುಬಿಟ್ಟಿದೆ. ಕಾಯಲ್ಲಿ ಹುಳ ಕಂಡ ಕೂಡಲೇ ‘ನಕಲಿ ಬೀಜ’ ಅನ್ನುವುದು ಸುಲಭ. ಪರೀಕ್ಷೆ ಮಾಡಿದರೆ ಎಷ್ಟೋ ಸಲ ಈವೆಂಟ್ ಸರಿಯಾಗಿಯೇ ಇರುತ್ತದೆ.

ಈ ಪದಕ್ಕೆ ಎಷ್ಟು ತೂಕ ಇದೆ ಅಂತ ಧಾರವಾಡದವರಿಗೆ ಬೇರೆ ಹೇಳಬೇಕಿಲ್ಲ. ಇಲ್ಲಿನ ಕೃಷಿ ವಿಶ್ವವಿದ್ಯಾಲಯ ಮತ್ತು ನಾಗಪುರದ ಕೇಂದ್ರ ಹತ್ತಿ ಸಂಶೋಧನಾ ಸಂಸ್ಥೆ ಸೇರಿ ಬಿಕಾನೇರಿ ನರ್ಮಾ ಬಿಟಿ ಅನ್ನುವ ಹತ್ತಿ ತಂದಿದ್ದವು. ಹೈಬ್ರಿಡ್ ಅಲ್ಲ, ತಳಿ. ರೈತರು ಬೀಜ ಎತ್ತಿಟ್ಟುಕೊಳ್ಳಬಹುದಾದದ್ದು. 2008ರಲ್ಲಿ ಅನುಮತಿ ಸಿಕ್ಕಿತು, 2009ರಲ್ಲಿ ಬೀಜ ರೈತರ ಕೈಗೆ ಬಂತು, ಆಮೇಲೆ ಮಾರಾಟ ನಿಂತಿತು. ಆ ಬೀಜದಲ್ಲಿ ಮಾನ್ 531 ಇದೆ ಅಂತ 2012ರಲ್ಲಿ ತನಿಖಾ ಸಮಿತಿಯೂ ಹೇಳಿತು. ಅದರದ್ದೇ ಅಂತ ಹೇಳಿದ್ದ ಈವೆಂಟ್ ಬೇರೆ ಇತ್ತು. ಆ ಈವೆಂಟ್, ಮಾನ್ 531 ಎರಡರಲ್ಲೂ ಇದ್ದದ್ದು ಕ್ರೈ 1ಎಸಿ ಜೀನೇ. ಬರೀ ಜೀನ್ ನೋಡಿದ್ದರೆ ವ್ಯತ್ಯಾಸ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಮಾತು ನಿಂತದ್ದು ಪೂರ್ತಿ ಜಂಕ್ಷನ್ ಮೇಲೆ.

ಬರೆಯುವಾಗ, ಮಾತಾಡುವಾಗ

ಈ ಪದವನ್ನು ‘ಘಟನೆ’ ಅಂತ ಕನ್ನಡ ಮಾಡಬೇಡಿ ಅನ್ನುವುದು ನನ್ನ ಅಭಿಪ್ರಾಯ. ‘ಹತ್ತಿಯಲ್ಲಿ ಹೊಸ ಘಟನೆ ಪತ್ತೆ’ ಅಂದರೆ ಹೊಲದಲ್ಲಿ ಏನೋ ಅಪಘಾತ ಆದ ಹಾಗೆ ಕೇಳಿಸುತ್ತದೆ. ‘ಪ್ರಸಂಗ’ ಅಂದರೆ ಇನ್ನೂ ಕಷ್ಟ, ಬಯಲಾಟ ನೆನಪಾಗುತ್ತದೆ. ‘ಈವೆಂಟ್’ ಅಂತಲೇ ಇಡಿ. ಮೊದಲ ಸಲ ಬಂದಾಗ ‘ಜೀನ್ ಒಂದು ನಿರ್ದಿಷ್ಟ ಜಾಗದಲ್ಲಿ ಸೇರಿದ ಸೇರ್ಪಡೆ’ ಅಂತ ಒಂದು ಸಾಲು ಕೊಡಿ. ಮುಂದೆ ಓದುಗರು ತಾವೇ ಹಿಡಿದುಕೊಳ್ಳುತ್ತಾರೆ.

‘ಈ ಹೈಬ್ರಿಡ್‌ನಲ್ಲಿ ಮಾನ್ 15985 ಈವೆಂಟ್ ಇದೆ’ ಸರಿ. ‘ಈ ಹೈಬ್ರಿಡ್ ಹೊಸ ಈವೆಂಟ್’ ತಪ್ಪು, ಹೈಬ್ರಿಡ್ ಹೊಸದಿರಬಹುದು, ಈವೆಂಟ್ ಹಳೆಯದೇ. ‘ಮಾನ್ 531 ಜೀನ್’ ಅನ್ನುವುದು ಪತ್ರಿಕೆಗಳಲ್ಲಿ ಆಗಾಗ ಕಾಣುತ್ತದೆ, ಅದೂ ತಪ್ಪು. ಜೀನ್ ಕ್ರೈ 1ಎಸಿ, ಈವೆಂಟ್ ಮಾನ್ 531. ಡಿಸಿಎಚ್ 32, ವರಲಕ್ಷ್ಮಿ ಥರದ ಧಾರವಾಡದ ಹಳೆ ಹೈಬ್ರಿಡ್‌ಗಳ ಬಗ್ಗೆ ಈವೆಂಟ್ ಅನ್ನುವ ಮಾತೇ ಬರುವುದಿಲ್ಲ. 1972ರ ವರಲಕ್ಷ್ಮಿ ಎರಡು ಹತ್ತಿ ಜಾತಿಗಳನ್ನು ಕೂಡಿಸಿ ಮಾಡಿದ್ದು, ಹೊರಗಿನ ಜೀನ್ ಸೇರಿಸಿದ್ದಲ್ಲ. ಜೀನ್ ಎಡಿಟಿಂಗ್ ಮಾಡಿದ ಬೆಳೆಗೂ ಈಗ ಕೆಲವರು ಈ ಪದ ಬಳಸುತ್ತಾರೆ. ಆದರೆ ಹೊರಗಿನ ಡಿಎನ್‌ಎ ಉಳಿಯದೆ ಬರೀ ಒಂದೆರಡು ಅಕ್ಷರ ತಿದ್ದಿದ್ದರೆ ಅಲ್ಲಿ ಜಂಕ್ಷನ್ ಇರುವುದಿಲ್ಲ. ಹಾಗಾಗಿ ಅಲ್ಲಿ ನಾನು ‘ತಿದ್ದುಪಡಿ’ ಅನ್ನುತ್ತೇನೆ.

ಕಾಕಾನ ಲಾಟು

ಈಗ ಆ ರಿಪೋರ್ಟಿಗೆ ಬರೋಣ. ಅವರ ಪ್ಲಾಟಿನಲ್ಲಿ ಹೆಣ್ಣು ಸಾಲು ಬಿಟಿ ಇಲ್ಲದ್ದು, ಗಂಡು ಸಾಲು ಬಿಜಿ-2 ಅಂತ ಹೇಳಿ ಕೊಟ್ಟದ್ದು. ಹೆಣ್ಮಕ್ಕಳು ಸಂಜೆ ಹೂವಿನ ಕೇಸರ ತೆಗೆದು, ಮರುದಿನ ಬೆಳಿಗ್ಗೆ ಗಂಡು ಹೂವಿನ ಪರಾಗ ಮುಟ್ಟಿಸುತ್ತಾರೆ. ಕ್ರಾಸಿಂಗ್ ತಪ್ಪಿದ್ದರೆ ಹೆಣ್ಣು ಹೂವು ತನ್ನ ಪರಾಗದಿಂದಲೇ ಕಾಯಿ ಕಟ್ಟುತ್ತಿತ್ತು. ಅಂಥ ಬೀಜದಲ್ಲಿ ಬಿಟಿಯ ಸುಳಿವೇ ಇರುವುದಿಲ್ಲ: ಜೀನ್ ನೆಗೆಟಿವ್, ಎರಡು ಈವೆಂಟೂ ನೆಗೆಟಿವ್. ಇಲ್ಲಿ ಮೂವತ್ತಕ್ಕೆ ಮೂವತ್ತರಲ್ಲೂ ಮಾನ್ 531 ಇದೆ. ಅಂದರೆ ಮೂವತ್ತಕ್ಕೂ ಗಂಡಿನ ಪರಾಗ ತಲುಪಿದೆ. ಇಲ್ಲದ್ದು ಎರಡನೆಯ ಸೇರ್ಪಡೆ ಮಾತ್ರ. ಗಂಡು ಬೀಜವೇ ಬಿಜಿ-2 ಅಲ್ಲದೆ ಹಳೆ ಬಿಜಿ-1 ಆಗಿದ್ದರೆ ಹೀಗಾಗುತ್ತದೆ.

“ಬಿತ್ತಿ ಉಳಿದ ಗಂಡು ಬೀಜ, ಹೆಣ್ಣು ಬೀಜ ಎರಡೂ ಇವೆಯಾ?” ಅಂದೆ. ಎರಡೂ ಪೊಟ್ಟಣ ನಾಗೊಂದಿಗೆ ಮೇಲೆ ಇದ್ದವು, ಲಾಟ್ ನಂಬರ್ ಸಮೇತ. ಬೇರೆ ಲ್ಯಾಬಿಗೆ ಕಳಿಸಿದೆವು. ಹೆಣ್ಣು ಬೀಜದಲ್ಲಿ ಏನೂ ಇಲ್ಲ. ಗಂಡು ಬೀಜದಲ್ಲಿ ಮಾನ್ 531 ಪಾಸಿಟಿವ್, ಮಾನ್ 15985 ನೆಗೆಟಿವ್, ಸ್ಯಾಡ್ 1 ಎಲ್ಲದರಲ್ಲೂ ಬಂದಿತ್ತು.

ಎರಡೂ ರಿಪೋರ್ಟ್ ಪಕ್ಕ ಪಕ್ಕ ಇಟ್ಟು ಆರ್ಗನೈಸರ್‌ಗೆ ತೋರಿಸಲು ಕಾಕಾ ಹೊರಟರು. ಹೋಗುವ ಮೊದಲು ಮತ್ತೆ ಫೋನು: “ಹಂಗಾರ ನಮ್ಮ ಹೆಣ್ಮಕ್ಕಳ ಕ್ರಾಸಿಂಗ್ ನೂರಕ್ಕ ನೂರು ಅಂತ ಆ ಫೇಲ್ ರಿಪೋರ್ಟ್‌ನ ಹೇಳತೈತಿ, ಹೌದಲ್ಲ?”

“ಹೌದು ಕಾಕಾ. ಲಾಟ್ ನಂಬರ್ ಇರೋ ಪೊಟ್ಟಣ ಮಾತ್ರ ಯಾರ ಕೈಗೂ ಕೊಡಬೇಡಿ, ಫೋಟೊ ತೋರಿಸಿ ಸಾಕು.”